ಕಾಲಿಗೆ ಕಟ್ಟಿದ ಬೆಲೆ

ಹತ್ತೊಂಬತ್ತನೆಯ ಶತಮಾನದ ಇಂಗ್ಲೆಂಡಿನಲ್ಲಿ, ಸಿರಿವಂತ ರೋಗಿಗಳ ನಾಡಿ ಹಿಡಿದು ವರ್ಷಕ್ಕೆ ಹಲವು ಸಾವಿರ ಪೌಂಡುಗಳನ್ನು ಗಳಿಸುತ್ತಿದ್ದ ವೈದ್ಯನೊಬ್ಬನು ಲಂಡನ್ ಅಂಡ್ ಸೌತ್ ವೆಸ್ಟರ್ನ್ ರೈಲ್ವೆ ಕಂಪನಿಯ ಗಾಡಿಯಲ್ಲಿ ಕುಳಿತು ಪ್ರಯಾಣ ಮಾಡುತ್ತಿದ್ದಾಗ, ಅಪಘಾತದಲ್ಲಿ ಸಿಲುಕಿ, ಪರರ ವ್ಯಾಧಿಯನ್ನು ಪರಿಹರಿಸುತ್ತಿದ್ದವನು ತಾನೇ ಎದ್ದು ಕೂರಲಾರದಷ್ಟು ಜರ್ಜರಿತನಾದನು. ಮೊಕದ್ದಮೆ ನಡೆಯಿತು; ತಪ್ಪು ಕಂಪನಿಯದೇ ಎಂಬುದರಲ್ಲಿ ವಿವಾದ ಉಳಿಯಲಿಲ್ಲ; ಹನ್ನೆರಡು ಮಂದಿ ಜೂರಿಗಳು ಒಳಗೆ ಹೋಗಿ ಯೋಚಿಸಿ ಹೊರಗೆ ಬಂದು 7,000 ಪೌಂಡುಗಳೆಂದು ಹೇಳಿದರು. ಆ ಕಾಲದ ಒಬ್ಬ ಗುಮಾಸ್ತೆಗೆ ಅದು ಕುಬೇರನ ನಿಧಿ. ಆ ವೈದ್ಯನಿಗಾದರೋ ಒಂದೆರಡು ವರ್ಷಗಳ ಸಂಪಾದನೆ. ಅವನು ಆ ಮೊತ್ತ ಸಾಲದೆಂದು ಮೇಲಕ್ಕೆ ಹೋದನು.

ಈ ನಡೆ ಸಾಮಾನ್ಯವಾದುದಲ್ಲ. ಜೂರಿಯು ವಿಪರೀತವಾಗಿ ಕೊಟ್ಟಿತೆಂದು ಕೊಡಬೇಕಾದವನು ಗೋಳಾಡುವುದು ಅಂದಿನ ನ್ಯಾಯಾಲಯಗಳಿಗೆ ಪರಿಚಿತವಾದ ದೃಶ್ಯ. ಕಡಮೆ ಕೊಟ್ಟಿತೆಂದು ಪಡೆದವನು ದೂರುವುದು ಅಷ್ಟು ಪರಿಚಿತವಲ್ಲ. ಮುಖ್ಯ ನ್ಯಾಯಮೂರ್ತಿ ಕಾಕ್‌ಬರ್ನ್ ಅವರು ಈ ಮನವಿಯನ್ನು ಆಲಿಸಿ, ಮೊತ್ತವನ್ನು ಒಟ್ಟಾಗಿ ನೋಡದೆ ಬಿಡಿಸಿ ನೋಡಿದರು: ದೇಹಕ್ಕಾದ ಗಾಯ ಬೇರೆ, ಅನುಭವಿಸಿದ ನೋವು ಬೇರೆ, ಆರೋಗ್ಯದ ಮುಂದಿನ ಗತಿ ಬೇರೆ, ಚಿಕಿತ್ಸೆಯ ವೆಚ್ಚ ಬೇರೆ, ಹೋದ ಮತ್ತು ಹೋಗಲಿರುವ ಸಂಪಾದನೆ ಬೇರೆ. ಇವೆಲ್ಲವನ್ನೂ ಗಣನೆಗೆ ತಂದಿದ್ದರೆ 7,000 ಎಂಬ ಅಂಕಿ ಬರಲು ಸಾಧ್ಯವೇ ಇಲ್ಲ. ಆದುದರಿಂದ ಯಾವುದೋ ಒಂದನ್ನು ಜೂರಿಯು ಮರೆತಿರಬೇಕು ಎಂಬುದು ಅವರ ತರ್ಕ. 1879ರಲ್ಲಿ ಮರುವಿಚಾರಣೆ ಆಯಿತು. ಎರಡನೆಯ ಜೂರಿಯು 16,000 ಪೌಂಡುಗಳನ್ನು ಕೊಟ್ಟಿತು. ಈಗ ಗೋಳಾಡುವ ಸರದಿ ಕಂಪನಿಯದು. ಅದರ ಮೇಲ್ಮನವಿಯನ್ನು ನ್ಯಾಯಾಲಯವು ತಳ್ಳಿಹಾಕಿತು. ನಮ್ಮ ಜಿಲ್ಲಾ ನ್ಯಾಯಾಲಯಗಳಲ್ಲಿ ಇಂದು ಮುರಿದ ಕಾಲಿನ ಅರ್ಜಿದಾರನೊಬ್ಬನ ತೀರ್ಪಿನ ಕಡೆಯ ಪುಟವನ್ನು ತೆರೆದು ನೋಡಿದರೆ, 'ನೋವು ಮತ್ತು ಯಾತನೆ', 'ವೈದ್ಯಕೀಯ ವೆಚ್ಚ', 'ಭವಿಷ್ಯದ ಆದಾಯ ನಷ್ಟ' ಎಂದು ಸಾಲುಸಾಲಾಗಿ ಬರೆದಿರುವ ಆ ಪಟ್ಟಿಯ ಹಿಂದೆ ಕಾಕ್‌ಬರ್ನರು ಬಿಡಿಸಿಟ್ಟ ಆ ಹಳೆಯ ಗಂಟು ಕಾಣಿಸುತ್ತದೆ.

ರೈಲಿನ ಕಥೆಯನ್ನು ರಸ್ತೆಯ ಇತಿಹಾಸಕ್ಕೆ ಪೀಠಿಕೆಯಾಗಿ ತಂದುದಕ್ಕೆ ಕಾರಣವಿದೆ. ರಸ್ತೆಯ ಕಥೆ ಅದಕ್ಕಿಂತ ಹಳೆಯದು, ಆದರೆ ನಾಚಿಕೆಗೇಡಿನದು. 1808ರಲ್ಲಿ ಬಾಡಿಗೆಯ ಕುದುರೆಗಾಡಿಯೊಂದು ಮಗುಚಿಕೊಂಡು, ಅದರ ಮೇಲೆ ಕುಳಿತಿದ್ದ ಗಂಡನಿಗೆ ತರಚುಗಾಯಗಳಾಗಿ, ಹೆಂಡತಿಯು ಸುಮಾರು ಒಂದು ತಿಂಗಳು ನರಳಿ ಆಸ್ಪತ್ರೆಯಲ್ಲಿ ತೀರಿಕೊಂಡಾಗ, ಲಾರ್ಡ್ ಎಲೆನ್‌ಬರೊ ಅವರು, ಅವಳು ಬದುಕಿದ್ದ ಆ ಒಂದು ತಿಂಗಳಿನ ನಷ್ಟಕ್ಕೆ ಮಾತ್ರ ಪರಿಹಾರವುಂಟು, ಸತ್ತ ಮೇಲಿನದಕ್ಕೆ ಇಲ್ಲ ಎಂದು ವಿಧಿಸಿದರು. ಕೊಂದವನಿಗಿಂತ ಗಾಯಪಡಿಸಿದವನು ಹೆಚ್ಚು ತೆರಬೇಕಾದ ಈ ವಿಪರ್ಯಾಸವನ್ನು ಸರಿಪಡಿಸಲು ಇಂಗ್ಲೆಂಡಿಗೆ 1846ರ ಶಾಸನವೂ, ಅದನ್ನೇ ಅನುಸರಿಸಿ ಭಾರತಕ್ಕೆ 1855ರ ಮಾರಣಾಂತಿಕ ಅಪಘಾತಗಳ ಕಾಯಿದೆಯೂ ಬೇಕಾದವು. ಸತ್ತವರ ಕುಟುಂಬಕ್ಕೆ ಹೀಗೆ ಶಾಸನವೊಂದು ಒದಗಿತು. ಸಾಯದೆ ಉಳಿದು, ಊರುಗೋಲು ಹಿಡಿದು ನಡೆಯುವವನ ಬಗೆಗೆ ಯಾವ ಶಾಸನವೂ ವಿಶೇಷವಾಗಿ ಚಿಂತಿಸಲಿಲ್ಲ. ಅವನ ಪಾಲಿಗಿದ್ದುದು ನ್ಯಾಯಾಧೀಶರ ಊಹೆ, ಮತ್ತು ಆ ಊಹೆಯನ್ನು ಪ್ರಶ್ನಿಸುವ ಮೇಲ್ಮನವಿ.

ಊಹೆಯನ್ನು ಪ್ರಶ್ನಿಸುವುದಾದರೂ ಹೇಗೆ? ಮೋಟಾರು ಡಿಕ್ಕಿಯಲ್ಲಿ ಗಾಯಗೊಂಡ ಎಪ್ಪತ್ತರ ಆಸುಪಾಸಿನ ವೃದ್ಧರೊಬ್ಬರ ಮೊಕದ್ದಮೆಯಲ್ಲಿ ನ್ಯಾಯಮೂರ್ತಿ ಗ್ರಿಯರ್ ಅವರು 1930ರ ದಶಕದಲ್ಲಿ ಹಾಕಿಕೊಟ್ಟ ಸೂತ್ರವು ಬಹುಕಾಲ ನಮ್ಮ ದೇಶದಲ್ಲಿಯೂ ನಡೆಯಿತು: ತಾನಾಗಿದ್ದರೆ ಬೇರೊಂದು ಮೊತ್ತವನ್ನು ಕೊಡುತ್ತಿದ್ದೆನೆಂಬ ಕಾರಣಕ್ಕೆ ಮೇಲಿನ ನ್ಯಾಯಾಲಯವು ಕೈಹಾಕಬಾರದು; ಕೆಳಗಿನವರು ತತ್ತ್ವದಲ್ಲಿಯೇ ಎಡವಿದ್ದರೆ, ಇಲ್ಲವೆ ಮೊತ್ತವು ಅತಿಯಾಗಿ ಹೆಚ್ಚೋ ಅತಿಯಾಗಿ ಕಡಮೆಯೋ ಆಗಿ ಸಂಪೂರ್ಣ ತಪ್ಪು ಅಂದಾಜೆನಿಸಿದ್ದರೆ ಮಾತ್ರ ಕೈಹಾಕಬಹುದು. ಕೇಳಲು ಇದು ಸಮಂಜಸವಾದ ಮಾತೇ. ಆದರೆ 'ಅತಿ' ಎಂಬುದನ್ನು ಅಳೆಯಲು ಅಳತೆಗೋಲೊಂದಿರಬೇಕಷ್ಟೆ! ಆ ಅಳತೆಗೋಲಿಲ್ಲದ ಕಾರಣದಿಂದಲೇ, 1965ರಲ್ಲಿ ಲಾರ್ಡ್ ಡೆನಿಂಗ್ ಅವರ ನೇತೃತ್ವದ ಐವರು ನ್ಯಾಯಮೂರ್ತಿಗಳು, ಒಂದೇ ಬಗೆಯ ಗಾಯಕ್ಕೆ ಒಂದು ಜೂರಿ ಒಂದು ಮೊತ್ತವನ್ನೂ ಇನ್ನೊಂದು ಜೂರಿ ಇನ್ನೊಂದನ್ನೂ ಕೊಡುವ ಅವ್ಯವಸ್ಥೆಗೆ ಬೇಸತ್ತು, ಗಾಯದ ಮೊಕದ್ದಮೆಗಳನ್ನು ಜೂರಿಯ ಕೈಯಿಂದ ಹೆಚ್ಚುಕಡಮೆ ತಪ್ಪಿಸಿಯೇಬಿಟ್ಟರು. ಗಾಯಗಳಿಗೆ ಸಮಾನತೆ ಬೇಕು, ತೀರ್ಪು ಹೇಗೆ ಬರಬಹುದೆಂದು ಮೊದಲೇ ತಕ್ಕಮಟ್ಟಿಗೆ ಊಹಿಸುವಂತಿರಬೇಕು ಎಂಬುದು ಅವರ ಆಶಯ.

ನಮ್ಮಲ್ಲಿ ಮೋಟಾರು ಮೊದಲು ಬಂತು. ಅದರ ಕಾನೂನು ಕುಂಟುತ್ತ ಹಿಂದೆ ಬಂತು. 1939ರ ಮೋಟಾರು ವಾಹನ ಕಾಯಿದೆಯಲ್ಲಿ ಮೂರನೆಯವರ ವಿಮೆಯನ್ನು ಕಡ್ಡಾಯ ಮಾಡಿದ್ದ ಅಧ್ಯಾಯವು ಜಾರಿಗೆ ಬಂದುದು 1946ರ ಜುಲೈ 1ರಂದು, ಅಂದರೆ ಏಳು ವರ್ಷಗಳ ತರುವಾಯ. ಅದಾದ ಮೇಲೆಯೂ ಗಾಯಾಳುವು ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬೇಕಾಗಿತ್ತು. ಕೇಳಿದ ಮೊತ್ತಕ್ಕೆ ತಕ್ಕ ಶುಲ್ಕವನ್ನು ತೆರಬೇಕಾಗಿತ್ತು. ಸೋತು ಮೇಲಕ್ಕೆ ಹೋದರೆ ಮತ್ತೊಮ್ಮೆ ಶುಲ್ಕ. ಕಾಲು ಕಳೆದುಕೊಂಡವನಿಗೆ ತನ್ನ ಕಾಲಿನ ಬೆಲೆಯನ್ನು ಕೇಳುವುದಕ್ಕೂ ಬೆಲೆ ಕೊಡಬೇಕಾದ ಕಾಲವದು. ಮೈಸೂರು ಸರ್ಕಾರವು 1948ರ ಸೆಪ್ಟೆಂಬರ್ 12ರಂದು 120 ಬಸ್ಸುಗಳೊಂದಿಗೆ ರಸ್ತೆ ಸಾರಿಗೆ ಇಲಾಖೆಯನ್ನು ಆರಂಭಿಸಿದಾಗಲೂ, ಆ ಬಸ್ಸುಗಳ ಚಕ್ರಕ್ಕೆ ಸಿಕ್ಕವರಿಗೆ ಇದ್ದ ದಾರಿ ಅದೇ.

1956ರ ತಿದ್ದುಪಡಿಯು ಈ ದಾರಿಯನ್ನು ಬದಲಾಯಿಸಿತು. ಆಗ ಹುಟ್ಟಿದ ಮೋಟಾರು ಅಪಘಾತ ಕ್ಲೇಮು ನ್ಯಾಯಮಂಡಳಿಗಳ ಮುಂದೆ ಗಾಯಾಳುವು ಒಂದು ಅರ್ಜಿಯನ್ನು ಕೊಟ್ಟರೆ ಸಾಕಾಯಿತು. ಮಂಡಳಿಯು ತನಗೆ 'ನ್ಯಾಯವೆಂದು ತೋರಿದ' ಪರಿಹಾರವನ್ನು ಗೊತ್ತುಮಾಡತಕ್ಕದ್ದು ಎಂದು ಶಾಸನ ಹೇಳಿತು. ಈ ಒಂದು ಮಾತಿನ ಬೆನ್ನು ಹತ್ತಿ ಅಂದಿನಿಂದ ವಕೀಲರೂ ನ್ಯಾಯಮೂರ್ತಿಗಳೂ ನಡೆಯುತ್ತಲೇ ಇದ್ದಾರೆ. ತೃಪ್ತಿಯಾಗದವರು ತೊಂಬತ್ತು ದಿನಗಳೊಳಗೆ ಉಚ್ಚ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಬಹುದೆಂದೂ, ವಿವಾದದ ಮೊತ್ತವು 2,000 ರೂಪಾಯಿಗಿಂತ ಕಡಮೆಯಿದ್ದರೆ ಸಲ್ಲಿಸುವಂತಿಲ್ಲವೆಂದೂ 110-ಡಿ ಪ್ರಕರಣವು ವಿಧಿಸಿತು. ಈ 2,000ದ ಅಂಕಿಯನ್ನು ಓದುಗರು ನೆನಪಿನಲ್ಲಿಟ್ಟುಕೊಳ್ಳಬೇಕು.

ಮೇಲ್ಮನವಿಗಳಿಗೆ ಸಂಬಂಧಿಸಿದಂತೆ ಮೊದಲ ದೊಡ್ಡ ಜಗಳ ನಡೆದುದು ಗಾಯಾಳುವಿನ ವಿಷಯದಲ್ಲಲ್ಲ, ವಿಮಾ ಕಂಪನಿಯ ವಿಷಯದಲ್ಲಿ ಎಂಬುದು ಸ್ವಾರಸ್ಯಕರವಾಗಿದೆ. ಹಣ ಕೊಡುವವರು ಅವರು. ಆದರೆ ಶಾಸನದಲ್ಲಿ ಎಣಿಸಿಕೊಟ್ಟ ಕೆಲವೇ ತಕರಾರುಗಳನ್ನಲ್ಲದೆ ಬೇರಾವುದನ್ನೂ ಅವರು ಎತ್ತುವಂತಿಲ್ಲವೆಂದು 1959ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ಹೇಳಿತ್ತು. ಮೊತ್ತ ಹೆಚ್ಚಾಯಿತೆಂಬುದು ಆ ಎಣಿಕೆಯಲ್ಲಿ ಇರಲಿಲ್ಲ. ಬಾಗಿಲು ಮುಚ್ಚಿದಾಗ ಕಿಟಕಿಯನ್ನು ಹುಡುಕುವುದು ಲೋಕರೂಢಿ. ಕಂಪನಿಗಳು ಬಸ್ಸಿನ ಅಥವಾ ಲಾರಿಯ ಮಾಲೀಕನನ್ನು ಜೊತೆಗೂಡಿಸಿಕೊಂಡು ಜಂಟಿ ಮೇಲ್ಮನವಿಗಳನ್ನು ಹಾಕತೊಡಗಿದವು. ತನ್ನ ಜೇಬಿನಿಂದ ಒಂದು ಕಾಸೂ ಹೋಗದ ಮಾಲೀಕನು ಮೊತ್ತ ಹೆಚ್ಚಾಯಿತೆಂದು ಕಣ್ಣೀರು ಸುರಿಸುವ ಈ ನಾಟಕಕ್ಕೆ 2000ದಲ್ಲಿ ಸರ್ವೋಚ್ಚ ನ್ಯಾಯಾಲಯವು ತೆರೆಯೆಳೆಯಿತು; 2002ರಲ್ಲಿ ಮತ್ತೊಮ್ಮೆ, ಮಂಡಳಿಯ ಅನುಮತಿಯನ್ನು ಮೊದಲೇ ಪಡೆಯದ ವಿಮಾ ಕಂಪನಿಯು ಮೊತ್ತವನ್ನು ಪ್ರಶ್ನಿಸಲಾರದೆಂದು ದೃಢಪಡಿಸಿತು. ಬಳಿಕ 2011ರ ಅಕ್ಟೋಬರಿನಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವು ವಿಷಯವನ್ನು ಪುನಃ ಪರಿಶೀಲಿಸಿ, ಅರ್ಜಿಯಲ್ಲಿಯೇ ಎದುರುಪಕ್ಷವಾಗಿ ಸೇರಿಸಲ್ಪಟ್ಟ ಕಂಪನಿಯು ಎಲ್ಲ ತಕರಾರುಗಳನ್ನೂ ಎತ್ತಬಹುದೆಂದಿತು. ಈ ಮಾತನ್ನು ಬರೆದವರು ನ್ಯಾಯಮೂರ್ತಿ ಆರ್. ವಿ. ರವೀಂದ್ರನ್, ಬಹುಕಾಲ ಕರ್ನಾಟಕ ಉಚ್ಚ ನ್ಯಾಯಾಲಯದಲ್ಲಿ ಕುಳಿತಿದ್ದವರು, ಆ ತಿಂಗಳಿನಲ್ಲಿಯೇ ನಿವೃತ್ತರಾದವರು. ಗಾಯಾಳುಗಳ ಪಕ್ಷಪಾತಿಗಳಿಗೆ ಈ ತೀರ್ಪು ರುಚಿಸಲಿಲ್ಲ. ನನಗೆ ತೋರುವಂತೆ, ಹಣ ತೆರುವವನ ಬಾಯಿ ಕಟ್ಟಿ ನಡೆಸುವ ವಿಚಾರಣೆಗಿಂತ ಅವನ ಮಾತನ್ನು ಕೇಳಿ ನಿರಾಕರಿಸುವ ವಿಚಾರಣೆಯೇ ಲೇಸು.

ಇದರ ನಡುವೆ 1979ರ ಒಂದು ಪ್ರಸಂಗವನ್ನು ಹೇಳದೆ ಮುಂದೆ ಹೋಗಲಾಗದು. ವಿಮಾ ಕಂಪನಿಯೊಂದರ ಮೇಲ್ಮನವಿಯು ವಕೀಲರ ತಪ್ಪು ಲೆಕ್ಕದಿಂದ ಅವಧಿ ಮೀರಿ ಬಂದಿತ್ತು. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು ಆ ವಿಳಂಬವನ್ನು ಮನ್ನಿಸಿದರು. ಮನ್ನಿಸುತ್ತಲೇ, ಪರಿಹಾರವನ್ನು ಗೊತ್ತುಮಾಡುವಾಗ ಕೈ ಬಿಗಿಹಿಡಿಯಬಾರದು, ಉದಾರವಾಗಿರಬೇಕು ಎಂದು ಬುದ್ಧಿಯನ್ನೂ ಹೇಳಿದರು. ಉಪದೇಶವು ಅರ್ಜಿದಾರರ ಪರ, ಉಪಶಮನವು ಕಂಪನಿಗೆ! ಆದರೂ ಅದೇ ವರ್ಷ ಹರಿಯಾಣದ ಪ್ರಕರಣವೊಂದರಲ್ಲಿ ಅವರೇ, ಅಪಘಾತದಲ್ಲಿ ಸತ್ತವನೊಬ್ಬನ ಬಡ ಕುಟುಂಬದಿಂದ ನ್ಯಾಯಾಲಯ ಶುಲ್ಕವನ್ನು ವಸೂಲು ಮಾಡಹೊರಟ ರಾಜ್ಯವನ್ನು ಬಲವಾಗಿ ತರಾಟೆಗೆ ತೆಗೆದುಕೊಂಡರು. 1982ರಲ್ಲಿ ತಪ್ಪು ಯಾರದೇ ಇರಲಿ ಸಾವಿಗೆ 15,000, ಶಾಶ್ವತ ಊನಕ್ಕೆ 7,500 ರೂಪಾಯಿಗಳನ್ನು ಕೊಡತಕ್ಕದ್ದೆಂಬ ನಿಯಮ ಬಂತು. ಮಂಡ್ಯ ಜಿಲ್ಲೆಯಿಂದ ಹೋಗಿ ದೇಶದ ಮುಖ್ಯ ನ್ಯಾಯಾಧೀಶರಾದ ಇ. ಎಸ್. ವೆಂಕಟರಾಮಯ್ಯನವರು 1987ರಲ್ಲಿ, ಶಾಸನದ ಇಂಥ ಮಿತಿಗಳು ತೀರ ಕಿರಿದಾಗಿವೆಯೆಂದೂ ಅವನ್ನು ಹಿಗ್ಗಿಸಬೇಕೆಂದೂ ಸರ್ಕಾರಕ್ಕೆ ಸೂಚಿಸಿದರು. ಮರುವರ್ಷ ಬಂದ ಹೊಸ ಮೋಟಾರು ವಾಹನ ಕಾಯಿದೆಯು 1989ರ ಜುಲೈ 1ರಂದು ಜಾರಿಯಾಯಿತು. ಮೇಲ್ಮನವಿಯು 173ನೆಯ ಪ್ರಕರಣಕ್ಕೆ ಸ್ಥಳಾಂತರಗೊಂಡಿತು. 2,000ದ ಅಂಕಿ 10,000ವಾಯಿತು. ಹಣ ಕೊಡಬೇಕಾದವನು ಮೇಲಕ್ಕೆ ಹೋಗುವುದಾದರೆ ಮೊದಲು 25,000 ರೂಪಾಯಿ ಅಥವಾ ತೀರ್ಪಿನ ಮೊತ್ತದ ಅರ್ಧ, ಇವೆರಡರಲ್ಲಿ ಕಡಮೆಯಾದುದನ್ನು ಠೇವಣಿ ಇಡಬೇಕಾಯಿತು.

ಈಗ ಬೆಂಗಳೂರಿನಲ್ಲಿ ನಮ್ಮ ಉಚ್ಚ ನ್ಯಾಯಾಲಯವಿರುವ ಅಠಾರಾ ಕಚೇರಿಯ ಕೆಂಪು ಗೋಡೆಗಳ ಒಳಕ್ಕೆ ಬರೋಣ. ಮಂಡಳಿಯಲ್ಲಿ 'ಎಂ.ವಿ.ಸಿ.' ಎಂಬ ಹೆಸರಿನಿಂದ ನೋಂದಣಿಯಾದ ಅರ್ಜಿಯು ಇಲ್ಲಿಗೆ ಬರುವಾಗ 'ಎಂ.ಎಫ್.ಎ.' ಎಂದು ಮರುಹುಟ್ಟು ಪಡೆಯುತ್ತದೆ. ಕಕ್ಷಿದಾರರ ಬಾಯಲ್ಲಿ ಇದಾವುದೂ ಇಲ್ಲ. 'ಆಕ್ಸಿಡೆಂಟ್ ಕೇಸು ಹೈಕೋರ್ಟಿಗೆ ಹಾಕಿದ್ದೀವಿ, ಸ್ವಾಮಿ' ಎಂಬಷ್ಟೇ ಅವರ ಮಾತು. 2008ರ ಜುಲೈಯಲ್ಲಿ ಧಾರವಾಡದಲ್ಲಿಯೂ ಕಲಬುರಗಿಯಲ್ಲಿಯೂ ಸಂಚಾರಿ ಪೀಠಗಳು ಆರಂಭವಾಗುವವರೆಗೆ, ಬೀದರಿನ ಗಾಯಾಳುವು ತನ್ನ ಕಡತದ ಗತಿಯನ್ನು ವಿಚಾರಿಸಲು ಏಳುನೂರು ಕಿಲೋಮೀಟರಿಗೆ ಸಮೀಪದ ಪ್ರಯಾಣ ಮಾಡಬೇಕಾಗಿತ್ತು. ಮುರಿದ ಕಾಲಿನಲ್ಲಿ, ಬಹುಶಃ ಅವನನ್ನು ಕೆಡವಿದಂಥದೇ ಒಂದು ಬಸ್ಸಿನಲ್ಲಿ. 2013ರಲ್ಲಿ ಆ ಪೀಠಗಳು ಖಾಯಂ ಆದವು.

ಮೊತ್ತದ ಮೇಲ್ಮನವಿಗಳ ತಿರುಳು ಮೂರು ಅಂಕಿಗಳ ಗುಣಾಕಾರದಲ್ಲಿದೆ: ಗಾಯಾಳುವಿನ ಆದಾಯ, ಅವನ ವಯಸ್ಸಿಗೆ ಸಲ್ಲುವ ಗುಣಕ, ಅವನ ದುಡಿಮೆಯಲ್ಲಿ ನಷ್ಟವಾದ ಶೇಕಡಾ ಭಾಗ. ಇವುಗಳಲ್ಲಿ ಗುಣಕದ ಜಗಳವು 2009ರ ಏಪ್ರಿಲಿನಲ್ಲಿ ಬಹುಮಟ್ಟಿಗೆ ಮುಗಿಯಿತು. ಇದೂ ರವೀಂದ್ರನ್ ಅವರ ಲೇಖನಿಯದೇ: ಹದಿನೈದರಿಂದ ಇಪ್ಪತ್ತೈದರವರೆಗಿನವರಿಗೆ 18, ಅಲ್ಲಿಂದ ಐದು ವರ್ಷಕ್ಕೊಮ್ಮೆ ಇಳಿಯುತ್ತ ಮೂವತ್ತೊಂದರಿಂದ ಮೂವತ್ತೈದರವರಿಗೆ 16, ಅರವತ್ತಾರರಿಂದ ಎಪ್ಪತ್ತರವರಿಗೆ 5. ಡೆನಿಂಗ್ ಅವರು ಬಯಸಿದ ಸಮಾನತೆಯು, ಇಷ್ಟರಮಟ್ಟಿಗಾದರೂ, ಒಂದು ಪುಟದ ಕೋಷ್ಟಕವಾಗಿ ಕೈಗೆ ಸಿಕ್ಕಿತು.

ಉಳಿದ ಎರಡರ ಜಗಳ ಮುಗಿಯುವಂಥದಲ್ಲ. ಮೊದಲು ಶೇಕಡಾ ಭಾಗದ ವಿಷಯವನ್ನು ನೋಡೋಣ. ವೈದ್ಯನು ಕಟಕಟೆಯಲ್ಲಿ ನಿಂತು ಬಲಗಾಲಿಗೆ ಶೇ. 45 ಊನವೆನ್ನುತ್ತಾನೆ, ಅದರ ಮೂರನೆಯ ಒಂದು ಪಾಲನ್ನು ಇಡೀ ದೇಹದ ಊನವೆಂದು ಹಿಡಿಯುವುದು ನಮ್ಮ ರಾಜ್ಯದ ನ್ಯಾಯಾಲಯಗಳಲ್ಲಿ ರೂಢಿಗೆ ಬಂದ ಲೆಕ್ಕ, ಆಯಿತು, ಶೇ. 15. ಆದರೆ ಆ ಕಾಲು ಯಾರದು? ಕುರ್ಚಿಯಲ್ಲಿ ಕುಳಿತು ಕಡತ ಬರೆಯುವವನದೋ, ಏಣಿ ಹತ್ತಿ ಗಾರೆ ಕೆಲಸ ಮಾಡುವವನದೋ? 2010ರ ಅಕ್ಟೋಬರಿನಲ್ಲಿ ಬಂದ ತೀರ್ಪೊಂದರಲ್ಲಿ ರವೀಂದ್ರನ್ ಅವರು ಇದನ್ನು ಮಗುವಿಗೂ ತಿಳಿಯುವಂತೆ ವಿವರಿಸಿದರು: ಎಡಗೈ ಕತ್ತರಿಸಿಹೋದ ಚಾಲಕನಿಗೋ ಬಡಗಿಗೋ ದುಡಿಮೆಯ ನಷ್ಟ ನೂರಕ್ಕೆ ನೂರು; ಅದೇ ಕೈ ಹೋದ ಸರ್ಕಾರಿ ಗುಮಾಸ್ತೆಯು ಅದೇ ಕೆಲಸದಲ್ಲಿ ಅದೇ ಸಂಬಳಕ್ಕೆ ಮುಂದುವರಿದರೆ ದುಡಿಮೆಯ ನಷ್ಟವಿಲ್ಲ. ಆದುದರಿಂದ ವೈದ್ಯನನ್ನು ಕೇಳಬೇಕಾದುದು ಅಂಗದ ಊನವನ್ನು. ಅದು ಹೊಟ್ಟೆಪಾಡಿನ ಮೇಲೆ ಮಾಡಿದ ಪರಿಣಾಮವನ್ನು ಅಳೆಯಬೇಕಾದವನು ನ್ಯಾಯಾಧೀಶನು. ಚಿಕಿತ್ಸೆಯನ್ನೇ ಮಾಡದೆ ಸಿದ್ಧ ಪ್ರಮಾಣಪತ್ರಗಳನ್ನು ಹಂಚುವ ವೈದ್ಯರ ವಿಷಯದಲ್ಲಿಯೂ ಆ ತೀರ್ಪು ಎಚ್ಚರಿಕೆಯನ್ನು ಹೇಳಿದೆ, ಅಗತ್ಯವಾಗಿಯೇ ಹೇಳಿದೆ.

ಈ ತತ್ತ್ವಕ್ಕೆ ಜೀವ ಬಂದುದು ಕರ್ನಾಟಕದಿಂದ ಹೋದ ಒಬ್ಬ ತರಕಾರಿ ವ್ಯಾಪಾರಿಯ ಪ್ರಕರಣದಲ್ಲಿ. 2008ರ ಫೆಬ್ರವರಿಯಲ್ಲಿ ನಡೆದ ಅಪಘಾತದಲ್ಲಿ ಅವನ ಒಂದು ಕಾಲನ್ನು ಕತ್ತರಿಸಬೇಕಾಯಿತು. ಕಾಲಿಲ್ಲದಿದ್ದರೇನು, ತರಕಾರಿಯನ್ನು ಕುಳಿತು ಮಾರಬಹುದಲ್ಲವೇ ಎಂಬ ವಿಚಾರವು ದಾರಿಯಲ್ಲಿ ಎಲ್ಲಿಯೋ ಹೊಕ್ಕಿತ್ತು. ಬೆಳಗಿನ ಜಾವ ಮಾರುಕಟ್ಟೆಗೆ ಹೋಗಿ, ಮೂಟೆಗಳನ್ನು ಆರಿಸಿ, ತಳ್ಳುಗಾಡಿಗೆ ಏರಿಸಿ, ಬೀದಿಬೀದಿ ಕೂಗುತ್ತ ತಿರುಗುವವನನ್ನು ಒಮ್ಮೆಯಾದರೂ ಕಂಡವರು ಹಾಗೆ ಯೋಚಿಸುತ್ತಿರಲಿಲ್ಲ. 2014ರ ಜನವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು, ತರಕಾರಿ ವ್ಯಾಪಾರವೆಂದರೆ ಒಂದೆಡೆ ಕುಳಿತೇ ಮಾಡುವಂಥದಲ್ಲವೆಂದು ಹೇಳಿ, ಅವನ ದುಡಿಮೆಯ ನಷ್ಟವನ್ನು ಶೇ. 85 ಎಂದೂ ತಿಂಗಳ ಆದಾಯವನ್ನು 6,500 ರೂಪಾಯಿಗಳೆಂದೂ ಗೊತ್ತುಮಾಡಿತು. ಅದಕ್ಕೂ ಮುಂಚೆ, 2002ರ ಡಿಸೆಂಬರಿನಲ್ಲಿ, ಕಾಲು ಕಳೆದುಕೊಂಡ ಇನ್ನೊಬ್ಬ ಕನ್ನಡಿಗನ ಪ್ರಕರಣದಲ್ಲಿ ಅದೇ ನ್ಯಾಯಾಲಯವು, ಅರ್ಜಿಯಲ್ಲಿ ಕೇಳಿದುದಕ್ಕಿಂತ ಹೆಚ್ಚನ್ನು ಕೊಡಬಾರದೆಂಬ ನಿರ್ಬಂಧವು ಈ ಶಾಸನದಲ್ಲಿ ಇಲ್ಲವೆಂದು ಸಾರಿತ್ತು. ಕೃತಕ ಕಾಲು ಒಮ್ಮೆ ಕೊಂಡರೆ ಮುಗಿಯುವ ಪದಾರ್ಥವಲ್ಲ. ಅದು ಸವೆಯುತ್ತದೆ, ಬದಲಾಯಿಸಬೇಕಾಗುತ್ತದೆ. ಅರ್ಜಿ ಬರೆಯುವ ದಿನ ಅದಾರಿಗೆ ತಿಳಿದಿರುತ್ತದೆ? ಆ ಗಾಯಾಳುವಿನ ಹೆಸರು ಇಂದು ದೇಶದ ಮೋಟಾರು ಅಪಘಾತ ವಕೀಲರೆಲ್ಲರಿಗೂ ಕಂಠಪಾಠ. ನಾನು ಅದನ್ನು ಇಲ್ಲಿ ಬರೆಯುವ ಅವಶ್ಯಕತೆಯಿಲ್ಲ.

ಕಡೆಯದು ಆದಾಯ. ಸಂಬಳದ ಚೀಟಿಯಿರುವವನಿಗೆ ಚಿಂತೆಯಿಲ್ಲ. ಕೂಲಿಗೆ ಚೀಟಿ ಕೊಡುವವರುಂಟೇ? ಪುರಾವೆಯಿಲ್ಲವೆಂದು ನ್ಯಾಯಮಂಡಳಿಯು ಒಂದು ಅಂದಾಜಿನ ಅಂಕಿಯನ್ನು ಹಾಕುತ್ತದೆ. ನಮ್ಮ ರಾಜ್ಯದ ಕಾನೂನು ಸೇವಾ ಪ್ರಾಧಿಕಾರವು ಲೋಕ ಅದಾಲತ್ತಿನಲ್ಲಿ ರಾಜಿ ಮಾಡಿಸುವ ಅನುಕೂಲಕ್ಕಾಗಿ, ಅಪಘಾತ ನಡೆದ ವರ್ಷಕ್ಕನುಗುಣವಾಗಿ ಇಂಥದೊಂದು ಆದಾಯದ ಪಟ್ಟಿಯನ್ನು ಮಾಡಿಟ್ಟಿದೆ. ರಾಜಿಗೆಂದು ಹುಟ್ಟಿದ ಆ ಪಟ್ಟಿಯನ್ನು ಉಚ್ಚ ನ್ಯಾಯಾಲಯವು ಮೇಲ್ಮನವಿಗಳಲ್ಲಿಯೂ ಊರುಗೋಲಾಗಿ ಹಿಡಿಯುತ್ತ ಬಂದಿದೆ. ಆದರೆ ಪಟ್ಟಿಯು ಊರುಗೋಲೇ ಹೊರತು ಕಾಲಲ್ಲ. 2004ರ ಅಪಘಾತವೊಂದರಲ್ಲಿ ಗಾಯಗೊಂಡ ಕರ್ನಾಟಕದ ಕೂಲಿಯೊಬ್ಬನು ತಿಂಗಳಿಗೆ 4,500 ರೂಪಾಯಿ ದುಡಿಯುತ್ತಿದ್ದೆನೆಂದನು, ಮಂಡಳಿಯು 3,000ವೆಂದಿತು, ಉಚ್ಚ ನ್ಯಾಯಾಲಯವು ಅದಕ್ಕೆ ತಲೆದೂಗಿತು. 2011ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಆ ಕಾಲದಲ್ಲಿ ಕೂಲಿಯಾಳಿನ ದಿನಗೂಲಿ ನೂರರಿಂದ ನೂರೈವತ್ತು ರೂಪಾಯಿ ಇದ್ದಿತಾದುದರಿಂದ ಅವನ ಮಾತನ್ನು ಅಪನಂಬಿಕೆಯಿಂದ ನೋಡಲು ಕಾರಣವಿಲ್ಲವೆಂದು 4,500ನ್ನೇ ಒಪ್ಪಿತು. ದಿನಕ್ಕೆ ಐವತ್ತು ರೂಪಾಯಿಯ ಈ ವ್ಯತ್ಯಾಸಕ್ಕಾಗಿ ಒಬ್ಬ ಕೂಲಿಯು ದೆಹಲಿಯವರೆಗೆ ಹೋಗಬೇಕಾಯಿತು.

ಆ ಐವತ್ತು ರೂಪಾಯಿಯನ್ನು ಗುಣಿಸಿ ನೋಡಿದವರಿಗೆ ಅದರ ಬೆಲೆ ತಿಳಿದೀತು. ಮೂವತ್ತೈದು ವರ್ಷದ ಕೂಲಿಯೊಬ್ಬನ ದುಡಿಮೆಯ ನಷ್ಟ ಶೇ. 30 ಎಂದಿಟ್ಟುಕೊಂಡರೆ, ತಿಂಗಳಿಗೆ 1,500, ವರ್ಷಕ್ಕೆ 18,000, ಹದಿನಾರರ ಗುಣಕದಿಂದ 2,88,000, ಅದರಲ್ಲಿ ಶೇ. 30 ಎಂದರೆ 86,400 ರೂಪಾಯಿಗಳು. ಒಂದು ಮನೆಗೆ ಸೂರಾಗಬಹುದಾದ, ಒಬ್ಬ ಮಗಳ ಓದು ನಿಲ್ಲದಂತೆ ನೋಡಿಕೊಳ್ಳಬಹುದಾದ ಹಣ.

ಮೋಟಾರು ವಾಹನ ಕಾಯಿದೆಗೆ 2019ರಲ್ಲಿ ಮಾಡಿದ ತಿದ್ದುಪಡಿಯ, ಪರಿಹಾರದ ಅರ್ಜಿ ಮತ್ತು ಮೇಲ್ಮನವಿಗಳಿಗೆ ಸಂಬಂಧಿಸಿದ ಭಾಗವು 2022ರ ಏಪ್ರಿಲ್ 1ರಂದು ಜಾರಿಗೆ ಬಂತು. ಅದರ ಪ್ರಕಾರ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಸಲ್ಲಿಸಬೇಕು. ತೀರ್ಪಿನ ತರುವಾಯ ಮೇಲ್ಮನವಿಗೆ ತೊಂಬತ್ತು ದಿನಗಳು, ಮೊದಲಿನಂತೆಯೇ. ಮತ್ತು 2,000ದಿಂದ 10,000ಕ್ಕೆ ಏರಿದ್ದ ಆ ಹಳೆಯ ಅಂಕಿಯು ಈಗ 1,00,000. ವಿವಾದದ ಮೊತ್ತವು ಅದಕ್ಕಿಂತ ಕಡಮೆಯಿದ್ದರೆ ಮೇಲ್ಮನವಿಯಿಲ್ಲ. ಮೇಲಿನ ಲೆಕ್ಕದ ಕೂಲಿಯು ಇಂದು ತನ್ನ 86,400 ರೂಪಾಯಿಗಳಿಗಾಗಿ ಅಠಾರಾ ಕಚೇರಿಯ ಮೆಟ್ಟಿಲನ್ನು ಹತ್ತುವಂತಿಲ್ಲ.